ದೀಪ ಹೊತ್ತಿದ್ದು ಯಾವಾಗ?

ಕಳೆದ ಜೂನ್‌ನಲ್ಲಿ ಮೂಡಿಗೆರೆ ಕಡೆಯ ನೆಂಟರ ತೋಟದಿಂದ ಟಾರು ರಸ್ತೆಗೆ ಹತ್ತುವ ಏರಿನಲ್ಲಿ ನನ್ನ ಗಾಡಿ ನಿಂತುಬಿಟ್ಟಿತು. ರಾತ್ರಿಯಿಡೀ ಮಳೆ ಹೊಡೆದು ಮಣ್ಣು ಲೋಳೆಯಾಗಿತ್ತು. ಮುಂದಿನ ಎರಡು ಚಕ್ರ ಗಿರ್ರನೆ ತಿರುಗಿ ಬಾನೆಟ್ ಮೇಲಕ್ಕೆ ಕೆಸರು ಎರಚುತ್ತಿವೆ. ಹಿಂದಿನವು ತಮಗೂ ಇದಕ್ಕೂ ಸಂಬಂಧವೇ ಇಲ್ಲವೆಂಬಂತೆ ಸುಮ್ಮನಿವೆ. ಮೀಟರ್ ಬೋರ್ಡಿನಲ್ಲಿ ಫೋರ್ ವೀಲ್ ದೀಪ ಹಳದಿಯಾಗಿ ಹೊತ್ತಿತ್ತು. ಅದೇ ಏರನ್ನು ಏಪ್ರಿಲ್‌ನಲ್ಲಿ ಇದೇ ಗಾಡಿ ನಾಲ್ಕು ಜನರನ್ನೂ ಎರಡು ಮೂಟೆ ಗೊಬ್ಬರವನ್ನೂ ಹೊತ್ತು ಸಲೀಸಾಗಿ ಹತ್ತಿತ್ತು. ಕೊನೆಗೆ ಭಾವನವರು ತಮ್ಮ ಹಳೆಯ ಜೀಪು ತಂದು ಹಗ್ಗ ಕಟ್ಟಿ ಎಳೆದರು.

ಮಾರನೆಯ ದಿನ ವರ್ಕ್‌ಶಾಪಿನಲ್ಲಿ ಸ್ಕ್ಯಾನರ್ ಹಾಕಿ ನೋಡಿ, ಹಿಂದಿನ ಕಪ್ಲಿಂಗ್ ಹೋಗಿದೆ, ಇಡೀ ಸೆಟ್ಟು ಬದಲಿಸಬೇಕು, ಒಂದೂವರೆ ಲಕ್ಷದ ಹತ್ತಿರ ಬೀಳುತ್ತದೆ ಎಂದರು. ಯೋಚಿಸಿ ಹೇಳುತ್ತೇನೆಂದು ಗಾಡಿ ವಾಪಸು ತಂದೆ. ಆ ರಾತ್ರಿ ಕೂತು ಒಂದು ಕಾಗದದ ಮೇಲೆ, ಆ ದೀಪ ಇದುವರೆಗೆ ಎಷ್ಟು ಸಲ ಹೊತ್ತಿದೆ, ಯಾವ ಯಾವ ದಿನ, ಆಗ ಏನು ಮಾಡುತ್ತಿದ್ದೆ ಎಂದು ನೆನಪು ಮಾಡಿಕೊಂಡು ಬರೆದೆ. ಒಟ್ಟು ಐದು ಸಲ. ನಾಲ್ಕು ಸಲ ಮಳೆಯಲ್ಲಿ. ಐದನೆಯದು ಬಿಸಿಲಿನ ದಿನವೇ, ಆದರೆ ವಾಟರ್ ಸರ್ವಿಸ್ ಮಾಡಿಸಿಕೊಂಡು ಹೊರಬಿದ್ದು ಹತ್ತು ನಿಮಿಷ ಕಳೆಯುವುದರೊಳಗೆ. ಪ್ರತಿ ಸಲವೂ ಮರುದಿನ ದೀಪ ತಾನಾಗಿ ಆರಿತ್ತು. ಕಪ್ಲಿಂಗ್ ಒಳಗಿನ ಪ್ಲೇಟುಗಳು ಸವೆದುಹೋಗಿದ್ದರೆ ಅವು ಮಳೆ ನೋಡಿಕೊಂಡು ಕೆಡುವುದಿಲ್ಲ.

ಆ ಕಾಗದದಿಂದ ಏನಾಯಿತು ಎಂಬುದಕ್ಕೆ ಮುಂದೆ ಬರುತ್ತೇನೆ. ಈ ಅಂಕಣಕ್ಕೆ ಮುಂಗಾರಿನ ಮುನ್ನ ಪ್ರತಿ ವರ್ಷ ಬರುವ ಪತ್ರಗಳಲ್ಲಿ ಅರ್ಧದಷ್ಟು ಇದೇ ವಿಷಯದ್ದು. ಸೋಮವಾರಪೇಟೆ, ಕೊಪ್ಪ, ಶಿರಸಿ, ಇತ್ತೀಚೆಗೆ ಬೆಂಗಳೂರಿನ ಅಪಾರ್ಟ್‌ಮೆಂಟುಗಳಿಂದಲೂ. ದೀಪ ಹೊತ್ತುತ್ತದೆ, ತಿರುವಿನಲ್ಲಿ ಗಾಡಿ ಜಗ್ಗುತ್ತದೆ, ಹಿಂದಿನಿಂದ ಏನೋ ಸದ್ದು, ಫೋರ್ ವೀಲ್ ಕೆಟ್ಟಿದೆಯೇ? ಏನಾಗಿದೆ ಎಂದು ಎಲ್ಲರೂ ಬರೆಯುತ್ತಾರೆ. ಯಾವಾಗ ಆಗುತ್ತದೆ ಎಂದು ಬರೆಯುವವರು ಕಡಿಮೆ. ನನ್ನ ಅನುಭವದಲ್ಲಿ ಈ ಕಾಯಿಲೆಯ ಮುಕ್ಕಾಲು ಪಾಲು ಗುಟ್ಟು ಆ 'ಯಾವಾಗ' ಎಂಬುದರಲ್ಲೇ ಇದೆ.

ಮೊದಲು ಈ ಗಾಡಿಗಳ ಹೊಟ್ಟೆಯೊಳಗೆ ಇರುವುದೇನು ಎಂದು ನೋಡೋಣ. ಭಾವನವರ ಜೀಪಿನಲ್ಲಿ ಗೇರ್ ಪಕ್ಕ ಇನ್ನೊಂದು ಲಿವರ್ ಇದೆ. ಅದನ್ನು ಎಳೆದರೆ ಕಟಕ್ ಎಂದು ಕೈಗೆ ತಿಳಿಯುತ್ತದೆ, ನಾಲ್ಕೂ ಚಕ್ರಕ್ಕೆ ಎಳೆತ ಬಂತು. ಕ್ರಾಸ್‌ಓವರ್‌ಗಳ ಕಥೆ ಬೇರೆ. ರೆನೊ ಡಸ್ಟರ್‌ನ ಆಲ್ ವೀಲ್ ಮಾದರಿ 2014ರಲ್ಲಿ ನಮ್ಮಲ್ಲಿಗೆ ಬಂದಾಗ ಮಲೆನಾಡು, ಕೊಡಗಿನ ಬೆಳೆಗಾರರು ಅದನ್ನು ಬಹಳ ಮೆಚ್ಚಿಕೊಂಡರು. ಅದರಲ್ಲಿ ಲಿವರ್ ಇರಲಿಲ್ಲ, 2ಡಬ್ಲ್ಯುಡಿ, ಆಟೊ, ಲಾಕ್ ಎಂದು ಬರೆದ ಒಂದು ತಿರುಪು ಗುಂಡಿ ಇತ್ತು. 2022ರಲ್ಲಿ ಬಂದ ಗ್ರ್ಯಾಂಡ್ ವಿಟಾರಾದ ಆಲ್‌ಗ್ರಿಪ್, ಅದರ ಜೊತೆಗಾರ ಟೊಯೊಟಾ ಹೈರೈಡರ್, ಮಹೀಂದ್ರಾದ ಎಕ್ಸ್‌ಯುವಿ700 ಆಲ್ ವೀಲ್, ಎಲ್ಲವೂ ಹೆಚ್ಚುಕಡಿಮೆ ಇದೇ ಜಾತಿ. ಮಾಮೂಲಿಯಾಗಿ ಓಡುವಾಗ ಇವು ಮುಂದಿನ ಚಕ್ರದ ಗಾಡಿಗಳು. ಮುಂದೆ ಗೇರ್‌ಬಾಕ್ಸಿಗೆ ಅಂಟಿಕೊಂಡ ಒಂದು ಚಿಕ್ಕ ಪೆಟ್ಟಿಗೆ ಎಳೆತವನ್ನು ತೊಂಬತ್ತು ಡಿಗ್ರಿ ತಿರುಗಿಸಿ ಹಿಂದಕ್ಕೆ ಕೊಡುತ್ತದೆ. ಅಲ್ಲಿಂದ ಗಾಡಿಯ ಹೊಟ್ಟೆಯುದ್ದಕ್ಕೂ ಪ್ರೊಪೆಲ್ಲರ್ ಶಾಫ್ಟ್. ಅದು ಹೋಗಿ ಸೇರುವುದು ಹಿಂದಿನ ಡಿಫರೆನ್ಷಿಯಲ್ ಮೂತಿಯಲ್ಲಿ ಕೂತ ಕಪ್ಲಿಂಗಿಗೆ.

ಈ ಕಪ್ಲಿಂಗ್ ಒಂದು ಡಬ್ಬಿ. ಒಳಗೆ ಎಣ್ಣೆಯಲ್ಲಿ ಮುಳುಗಿದ ತೆಳು ಪ್ಲೇಟುಗಳು, ಬೈಕಿನ ಕ್ಲಚ್ ಬಿಚ್ಚಿ ನೋಡಿದವರಿಗೆ ಪರಿಚಿತವಾದಂಥವೇ. ಅದರ ಜೊತೆಗೆ ತಾಮ್ರದ ತಂತಿ ಸುತ್ತಿದ ಒಂದು ಕಾಯಿಲ್. ಕರೆಂಟು ಹರಿದರೆ ಕಾಯಿಲ್ ಅಯಸ್ಕಾಂತವಾಗಿ ಒಂದು ಪುಟ್ಟ ಕ್ಲಚ್ಚನ್ನು ಹಿಡಿಯುತ್ತದೆ. ಆ ಹಿಡಿತಕ್ಕೆ ಉಕ್ಕಿನ ಗುಂಡುಗಳು ತಮ್ಮ ಇಳಿಜಾರು ತೋಡಿನಲ್ಲಿ ಉರುಳಿ ದೊಡ್ಡ ಪ್ಲೇಟುಗಳನ್ನು ಒತ್ತುತ್ತವೆ. ಕರೆಂಟು ಹೆಚ್ಚಿದಷ್ಟೂ ಒತ್ತಡ ಹೆಚ್ಚು, ಒತ್ತಡ ಹೆಚ್ಚಿದಷ್ಟೂ ಹಿಂದಿನ ಚಕ್ರಕ್ಕೆ ಎಳೆತ ಹೆಚ್ಚು. ಎಷ್ಟು ಕರೆಂಟು ಬಿಡಬೇಕು ಎಂದು ತೀರ್ಮಾನಿಸುವುದು ಒಂದು ಕಂಪ್ಯೂಟರ್. ಅದಕ್ಕೆ ಸುದ್ದಿ ಬರುವುದು ನಾಲ್ಕು ಚಕ್ರದ ವೇಗ ಅಳೆಯುವ ಎಬಿಎಸ್ ಸೆನ್ಸರುಗಳಿಂದ, ಸ್ಟೇರಿಂಗಿನಿಂದ, ಆಕ್ಸಿಲರೇಟರಿನಿಂದ. ಕೆಲವು ಕಂಪನಿಗಳು ಕಾಯಿಲ್ ಬದಲು ಎಣ್ಣೆ ಪಂಪಿನ ಒತ್ತಡ ಬಳಸುತ್ತವೆ, ತತ್ವ ಒಂದೇ.

ಒಣಗಿದ ಹೈವೇಯಲ್ಲಿ ಈ ಕಪ್ಲಿಂಗ್ ಸತ್ತಿದ್ದರೂ ಗಾಡಿ ಏನೂ ಆಗದಂತೆ ಓಡುತ್ತದೆ. ಎಂಟು ತಿಂಗಳು ಅದರ ಅಗತ್ಯವೇ ಬೀಳುವುದಿಲ್ಲ. ಬೇಕಾಗುವುದು ಆರಿದ್ರಾ ಮಳೆಯ ನಡುವೆ, ಆಸ್ಪತ್ರೆಗೋ ಬಸ್ಸಿಗೋ ಹೊರಟ ಗಳಿಗೆಯಲ್ಲಿ, ತೋಟದ ಏರಿನ ಮೇಲೆ. ಮಲೆನಾಡಿನ ಮನೆಗಳಿಗೆ ಇದು ಶೋಕಿಯ ಸಾಮಾನಲ್ಲ. ಅದಕ್ಕೇ ಈ ವಿಷಯದಲ್ಲಿ ನನಗೆ ಇಷ್ಟು ಕಾಳಜಿ.

ಈಗ ದೀಪದ ವಿಷಯ. ಫೋರ್ ವೀಲ್ ದೀಪದ ಜೊತೆ ಎಬಿಎಸ್ ದೀಪ, ಗಾಡಿ ಜಾರುವ ಚಿತ್ರದ ಇಎಸ್‌ಪಿ ದೀಪ ಮೂರೂ ಒಟ್ಟಿಗೆ ಹೊತ್ತಿದರೆ ಕಪ್ಲಿಂಗಿನ ಮೇಲೆ ಅನುಮಾನ ಪಡುವುದು ಕಡೆಗೆ. ಒಂದು ಚಕ್ರದ ಸೆನ್ಸರ್ ಸುದ್ದಿ ಕೊಡುವುದನ್ನು ನಿಲ್ಲಿಸಿದೆ, ಹಾಗಾಗಿ ಅದನ್ನು ನಂಬಿದ ಮೂರೂ ವ್ಯವಸ್ಥೆಗಳು ಕೈ ಕಟ್ಟಿ ಕೂತಿವೆ ಎಂದೇ ಮೊದಲು ಭಾವಿಸಬೇಕು. ತೋಟದ ದಾರಿಯಲ್ಲಿ ಕಡ್ಡಿ, ಬಳ್ಳಿ ಸಿಕ್ಕಿಕೊಂಡು ಚಕ್ರದ ಹಿಂದಿನ ತೆಳು ವೈರ್ ಕಿತ್ತಿರುತ್ತದೆ. ಇಲ್ಲವೇ ಶೆಡ್ಡಿನಲ್ಲಿ ನಿಂತ ಗಾಡಿಯ ವೈರನ್ನು ಇಲಿ ಕಡಿದಿರುತ್ತದೆ. ಬ್ಯಾಟರಿ ಸೋತು ವೋಲ್ಟೇಜು ಇಳಿದಾಗಲೂ ದೀಪಗಳು ಹೀಗೆ ಸಾಲಾಗಿ ಹೊತ್ತುವುದುಂಟು. ಇವು ಸಾವಿರಗಳಲ್ಲಿ ಮುಗಿಯುವ ರಿಪೇರಿ, ಲಕ್ಷದ್ದಲ್ಲ.

ಫೋರ್ ವೀಲ್ ದೀಪ ಒಂದೇ ಹೊತ್ತಿದರೆ ಯಾವಾಗ ಎಂದು ಕೇಳಿಕೊಳ್ಳಿ. ಐದಾರು ನಿಮಿಷ ಕೆಸರಿನಲ್ಲಿ ಹೂತು, ಬಿಡದೆ ಆಕ್ಸಿಲರೇಟರ್ ಒತ್ತಿದ ಮೇಲೆ ಮಿನುಗಲು ಶುರುವಾಯಿತೇ? ಆಮೇಲೆ ಅರ್ಧ ಗಂಟೆ ನಿಲ್ಲಿಸಿದರೆ ಹೋಯಿತೇ? ಹಾಗಿದ್ದರೆ ಅದು ಕೆಟ್ಟಿಲ್ಲ, ಕಾದಿದೆ. ಪ್ಲೇಟುಗಳು ಉಜ್ಜಿಕೊಂಡು ಬಿಸಿಯಾದಾಗ ಸುಟ್ಟುಹೋಗದಿರಲಿ ಎಂದು ಕಂಪ್ಯೂಟರೇ ಕರೆಂಟು ನಿಲ್ಲಿಸುತ್ತದೆ. ಎಂಜಿನ್ ಮೆಲ್ಲಗೆ ಓಡುತ್ತಿರಲಿ, ಗಾಡಿ ನಿಲ್ಲಿಸಿ ಕಾಯಿರಿ. ಮಿನುಗುವ ದೀಪಕ್ಕೂ ಸ್ಥಿರವಾಗಿ ಹೊತ್ತುವ ದೀಪಕ್ಕೂ ಅರ್ಥ ಬೇರೆ. ಯಾವುದಕ್ಕೆ ಯಾವ ಅರ್ಥ ಎಂಬುದು ಗಾಡಿಯ ಜೊತೆ ಕೊಟ್ಟ ಪುಸ್ತಕದಲ್ಲಿದೆ, ಡ್ಯಾಶ್‌ಬೋರ್ಡಿನ ಖಾನೆಯಿಂದ ಅದನ್ನು ಒಮ್ಮೆ ತೆಗೆದು ಓದಿ.

ನನ್ನ ಗಾಡಿಯದು ಕಾದ ಕೇಸಲ್ಲ, ನೀರಿನ ಕೇಸು. ಬರೆದ ಕಾಗದವನ್ನು ಊರಿನ ಒಬ್ಬ ಆಟೊ ಎಲೆಕ್ಟ್ರಿಷಿಯನ್‌ಗೆ ತೋರಿಸಿದೆ. ಅವರು ಓದಿ, ಪಿಟ್ ಮೇಲೆ ಗಾಡಿ ನಿಲ್ಲಿಸಲು ಹೇಳಿ, ಟಾರ್ಚು ಹಿಡಿದು ಕೆಳಗಿಳಿದರು. ಹಿಂದಿನ ಡಿಫರೆನ್ಷಿಯಲ್ ಮೇಲ್ಭಾಗದಲ್ಲಿ ಹೆಬ್ಬೆರಳು ಗಾತ್ರದ ಕಪ್ಪು ಸಾಕೆಟ್. ಮೇಲೆಲ್ಲ ಕೆಮ್ಮಣ್ಣು ಗಟ್ಟಿಯಾಗಿತ್ತು. ಒದ್ದೆ ಬಟ್ಟೆಯಲ್ಲಿ ಒರೆಸಿ, ಲಾಕು ಒತ್ತಿ, ಮೆಲ್ಲಗೆ ಎಳೆದಾಗ ಒಳಗಿನಿಂದ ಒಂದು ಹನಿ ನೀರು ಇಳಿಯಿತು. ಒಂದು ಪಿನ್ ಹೊಳೆಯುತ್ತಿತ್ತು. ಇನ್ನೊಂದರ ಸುತ್ತ, ಹಳೆಯ ತಾಮ್ರದ ಚೊಂಬಿನ ಕಂಠದಲ್ಲಿ ಕಟ್ಟುತ್ತದಲ್ಲ, ಆ ಹಸಿರು ಕಿಲುಬು. ಸಾಕೆಟ್ಟಿನ ರಬ್ಬರ್ ಸೀಲು ಒಂದು ಕಡೆ ಸೀಳಿತ್ತು. ಅವರು ಮಲ್ಟಿಮೀಟರಿನ ಕಡ್ಡಿಗಳನ್ನು ಕಾಯಿಲ್ ಕಡೆಯ ಪಿನ್ನುಗಳಿಗೆ ಹಿಡಿದರು. ಕೆಲವೇ ಓಮ್ ತೋರಿಸಿತು. ತಂತಿ ತುಂಡಾಗಿದ್ದರೆ ಮೀಟರ್ ಏನನ್ನೂ ತೋರಿಸುತ್ತಿರಲಿಲ್ಲ. 'ಕಾಯಿಲ್ ಜೀವಂತ ಇದೆ ಸಾರ್, ಕರೆಂಟು ದಾರಿಯಲ್ಲಿ ಸಾಯ್ತಾ ಇದೆ' ಎಂದರು. ಹೊಸ ಸಾಕೆಟ್ ಹಾಕಿ, ವೈರ್ ಬೆಸುಗೆ ಮಾಡಿ, ಒಳಗೆ ಗ್ರೀಸ್ ತುಂಬಿ ಒಂಬೈನೂರು ರೂಪಾಯಿ ತೆಗೆದುಕೊಂಡರು. ಆಮೇಲೆ ಒಂದು ಮಳೆಗಾಲ ಪೂರ್ತಿ ಕಳೆಯಿತು, ದೀಪ ಮತ್ತೆ ಹೊತ್ತಿಲ್ಲ.

ವರ್ಕ್‌ಶಾಪಿನವರು ಸುಳ್ಳು ಹೇಳಿದರು ಎಂದು ನಾನು ಹೇಳುವುದಿಲ್ಲ. ಅವರ ಸ್ಕ್ಯಾನರ್ 'ಕಪ್ಲಿಂಗ್ ಸರ್ಕ್ಯೂಟ್' ಎಂದು ತೋರಿಸಿತ್ತು. ಸರ್ಕ್ಯೂಟ್ ಎಂದರೆ ಕಾಯಿಲ್, ವೈರ್, ಸಾಕೆಟ್, ಕಂಪ್ಯೂಟರ್ ಎಲ್ಲ ಸೇರಿ. ಸ್ಕ್ಯಾನರ್ ಬೀದಿಯ ಹೆಸರು ಹೇಳುತ್ತದೆ, ಮನೆ ನಂಬರ್ ಹೇಳುವುದಿಲ್ಲ. ಮನೆ ಹುಡುಕುವ ಕೆಲಸ ಮನುಷ್ಯನದು. ಆ ಕೆಲಸಕ್ಕೆ ಅರ್ಧ ಗಂಟೆ ಕೊಡದೆ ಇಡೀ ಡಬ್ಬಿ ಬದಲಿಸಿ ಎನ್ನುವುದು ನನ್ನ ಮಟ್ಟಿಗೆ ತಪ್ಪು.

ಸ್ಕ್ಯಾನರ್ ಬಗ್ಗೆ ಇನ್ನೊಂದು ಮಾತು. ಆನ್‌ಲೈನಿನಲ್ಲಿ ಸಿಗುವ ಅಗ್ಗದ ಬ್ಲೂಟೂತ್ ಸ್ಕ್ಯಾನರ್ ಹಾಕಿ 'ಯಾವ ಕೋಡೂ ಇಲ್ಲ' ಎಂದು ನಿಶ್ಚಿಂತರಾದವರ ಪತ್ರಗಳು ಬರುತ್ತವೆ. ಅವುಗಳಲ್ಲಿ ಹೆಚ್ಚಿನವು ಓದುವುದು ಎಂಜಿನ್ನಿನ ಕೋಡುಗಳನ್ನು ಮಾತ್ರ, ಅಂದರೆ 'ಪಿ' ಅಕ್ಷರದಿಂದ ಶುರುವಾಗುವಂಥವು. ಫೋರ್ ವೀಲ್ ಮತ್ತು ಎಬಿಎಸ್‌ನ ದೂರುಗಳು ಬಹುಪಾಲು 'ಸಿ' ಅಕ್ಷರದಲ್ಲಿ, ಕಂಪ್ಯೂಟರುಗಳ ನಡುವಿನ ಮಾತು ನಿಂತರೆ 'ಯು' ಅಕ್ಷರದಲ್ಲಿ ಇರುತ್ತವೆ. ಅವುಗಳನ್ನು ಓದಲು ಪೂರ್ತಿ ಗಾಡಿ ಓದುವ ಸ್ಕ್ಯಾನರೇ ಬೇಕು. ಅಂಥದ್ದು ಸಿಕ್ಕಿದರೆ ನೇರ ರಸ್ತೆಯಲ್ಲಿ 40 ಕಿ.ಮೀ. ವೇಗದಲ್ಲಿ ಓಡಿಸುತ್ತಾ ನಾಲ್ಕು ಚಕ್ರದ ವೇಗವನ್ನು ಪಕ್ಕಪಕ್ಕ ನೋಡಲು ಹೇಳಿ. ಒಂದು ಆಗಾಗ ಸೊನ್ನೆಗೆ ಬಿದ್ದು ಮೇಲೇಳುತ್ತಿದ್ದರೆ ಸೆನ್ಸರ್ ಅಥವಾ ಅದರ ವೈರ್. ಮುಂದಿನ ಎರಡೂ ಒಂದೇ ಸಮನೆ ಹಿಂದಿನವಕ್ಕಿಂತ ಜಾಸ್ತಿ ತೋರಿಸುತ್ತಿದ್ದರೆ ಟಯರ್ ನೋಡಿ.

ಟಯರ್ ಬಗ್ಗೆ ಸ್ವಲ್ಪ ವಿವರವಾಗಿ ಹೇಳಲೇಬೇಕು. ಬೆಂಗಳೂರಿನ ಓದುಗರೊಬ್ಬರು ಬರೆದಿದ್ದರು: ಬೇಸ್‌ಮೆಂಟ್ ಪಾರ್ಕಿಂಗಿನಲ್ಲಿ ಸ್ಟೇರಿಂಗ್ ಪೂರ್ತಿ ತಿರುಗಿಸಿದಾಗ ಯಾರೋ ಬ್ರೇಕ್ ಹಿಡಿದಂತೆ ಗಾಡಿ ಜಗ್ಗುತ್ತದೆ, ಹಿಂದಿನಿಂದ ಕುಟುಕುಟು ನಡುಕ. ಟಯರ್ ಯಾವಾಗ ಬದಲಿಸಿದಿರಿ ಎಂದು ಕೇಳಿದೆ. ಮೂರು ತಿಂಗಳ ಹಿಂದೆ ಎರಡು ಹಾಕಿಸಿದೆ, ಇನ್ನೆರಡರಲ್ಲಿ ಇನ್ನೂ ಗ್ರಿಪ್ ಇತ್ತು ಎಂದರು. ಮುಂದಿನ ಚಕ್ರದ ಗಾಡಿಯಲ್ಲಿ ಹಾಗೆ ಮಾಡಿದರೆ ದೊಡ್ಡ ತೊಂದರೆಯಿಲ್ಲ. ಆಲ್ ವೀಲ್ ಗಾಡಿಯಲ್ಲಿ ಅದು ಕಪ್ಲಿಂಗಿಗೆ ಬರೆ.

ಲೆಕ್ಕ ಹಾಕಿ ನೋಡೋಣ. 215/65 ಆರ್16 ಅಳತೆಯ ಹೊಸ ಟಯರಿನ ಅಡ್ಡಳತೆ ಸುಮಾರು 686 ಮಿ.ಮೀ., ಸುತ್ತಳತೆ 2,155 ಮಿ.ಮೀ. ಅದೇ ಟಯರ್ 5 ಮಿ.ಮೀ. ಸವೆದರೆ ಸುತ್ತಳತೆ 31 ಮಿ.ಮೀ. ಕಡಿಮೆಯಾಗುತ್ತದೆ. ಮೂರು ಸೆಂಟಿಮೀಟರ್ ಏನು ಮಹಾ ಅನ್ನಿಸಬಹುದು. ಆದರೆ ಚಿಕ್ಕ ಚಕ್ರ ಅದೇ ದೂರ ಕ್ರಮಿಸಲು ಹೆಚ್ಚು ಸುತ್ತು ತಿರುಗಬೇಕು. ಕಿಲೋಮೀಟರಿಗೆ ಸುಮಾರು 7 ಸುತ್ತು ಹೆಚ್ಚು, ಹಾಸನದಿಂದ ಬೆಂಗಳೂರಿಗೆ ಬರುವಷ್ಟರಲ್ಲಿ ಸಾವಿರ ಸುತ್ತು ದಾಟುತ್ತದೆ. ಮುಂದಿನ ಆಕ್ಸಲ್ಲಿಗೂ ಹಿಂದಿನ ಆಕ್ಸಲ್ಲಿಗೂ ನಡುವಿನ ಆ ಸಾವಿರ ಸುತ್ತಿನ ಜಗಳವನ್ನು ಕಪ್ಲಿಂಗಿನ ಪ್ಲೇಟುಗಳು ಉಜ್ಜಿಕೊಂಡು ತೀರಿಸಬೇಕು. ಸವೆದ ಟಯರುಗಳು ಮುಂದೆ ಇದ್ದರಂತೂ ಮುಂದಿನ ಚಕ್ರ ಜಾರುತ್ತಿದೆ ಎಂದು ಕಂಪ್ಯೂಟರ್ ತಪ್ಪು ತಿಳಿದು ಬೇಡದ ಕಡೆ ಕಪ್ಲಿಂಗ್ ಬಿಗಿಯುತ್ತದೆ. ಸಣ್ಣ ವ್ಯತ್ಯಾಸಗಳನ್ನು ಸರಿದೂಗಿಸುವ ಜಾಣತನ ಈಗಿನ ಗಾಡಿಗಳಲ್ಲಿದೆ, ಆದರೆ ಅದಕ್ಕೊಂದು ಮಿತಿ. ಬಹುತೇಕ ಎಲ್ಲ ಮಾದರಿಗಳಲ್ಲೂ ಆಲ್ ವೀಲ್ ಕೊಡುವ ಜಪಾನಿನ ಸುಬಾರು ಕಂಪನಿ, ನಾಲ್ಕು ಟಯರುಗಳ ಸುತ್ತಳತೆಯಲ್ಲಿ ಕಾಲು ಇಂಚಿಗಿಂತ, ಅಂದರೆ 6 ಮಿ.ಮೀ.ಗಿಂತ ಹೆಚ್ಚು ವ್ಯತ್ಯಾಸ ಇರಬಾರದು ಎನ್ನುತ್ತದೆ. 31 ಎಲ್ಲಿ, 6 ಎಲ್ಲಿ!

ಇದನ್ನು ಅಳೆಯಲು ಯಾವ ಯಂತ್ರವೂ ಬೇಡ. ನಾಲ್ಕು ಚಕ್ರಕ್ಕೂ ಒಂದೇ ಒತ್ತಡದ ಗಾಳಿ ತುಂಬಿಸಿ. ಕಾಫಿ ಒಣಗಿಸುವ ಸಿಮೆಂಟು ಕಣವೋ ಅಪಾರ್ಟ್‌ಮೆಂಟಿನ ಸಮತಟ್ಟು ಜಾಗವೋ ಸಿಕ್ಕರೆ, ಒಂದು ಪಕ್ಕದ ಮುಂದಿನ ಚಕ್ರ ಮತ್ತು ಹಿಂದಿನ ಚಕ್ರ ನೆಲ ಮುಟ್ಟುವಲ್ಲಿ ಟಯರಿಗೂ ನೆಲಕ್ಕೂ ಸೀಮೆಸುಣ್ಣದ ಗೆರೆ ಎಳೆಯಿರಿ. ಗಾಡಿಯನ್ನು ನೇರವಾಗಿ, ತೀರಾ ನಿಧಾನವಾಗಿ ಐದು ಸುತ್ತು ಉರುಳಿಸಿ. ಪ್ರತಿ ಚಕ್ರ ತನ್ನ ಐದು ಸುತ್ತು ಮುಗಿಸಿದಲ್ಲಿ ನೆಲಕ್ಕೆ ಇನ್ನೊಂದು ಗೆರೆ. ಆಮೇಲೆ ಟೇಪಿನಲ್ಲಿ ಅಳೆಯಿರಿ. ಮೇಲಿನ ಲೆಕ್ಕದ ಟಯರುಗಳಲ್ಲಿ ವ್ಯತ್ಯಾಸ ಹದಿನೈದು ಸೆಂಟಿಮೀಟರ್ ಬರುತ್ತದೆ, ಕಣ್ಣಿಗೇ ಕಾಣುತ್ತದೆ. ಇನ್ನೊಂದು ಪಕ್ಕಕ್ಕೂ ಹಾಗೇ ಮಾಡಿ. ಆಲ್ ವೀಲ್ ಗಾಡಿಗೆ ಟಯರ್ ಹಾಕಿಸುವುದಾದರೆ ನಾಲ್ಕೂ ಒಟ್ಟಿಗೆ, ಒಂದೇ ಕಂಪನಿಯದು, ಒಂದೇ ಮಾದರಿಯದು. ಮುಂದಿನದು ಹಿಂದಕ್ಕೆ, ಹಿಂದಿನದು ಮುಂದಕ್ಕೆ ಬದಲಿಸುವುದನ್ನು ತಪ್ಪಿಸಬೇಡಿ. ಸ್ಟೆಪ್ನಿ ಚಿಕ್ಕ ಅಳತೆಯದಾಗಿದ್ದರೆ ಅದನ್ನು ಹಾಕಿಕೊಂಡು ಪಂಕ್ಚರ್ ಅಂಗಡಿವರೆಗೆ ಮಾತ್ರ ಹೋಗಿ, ಘಾಟಿ ಇಳಿಯಬೇಡಿ.

ಟಯರ್ ನಾಲ್ಕೂ ಒಂದೇ ಸಮ ಇದ್ದು, ಆಟೊದಲ್ಲಿದ್ದಾಗಲೂ ಬಿಗಿ ತಿರುವಿನಲ್ಲಿ ಗಾಡಿ ಜಗ್ಗಿದರೆ ಮುಂದಿನ ಅನುಮಾನ ಎಣ್ಣೆ. (ಲಾಕ್‌ನಲ್ಲಿದ್ದಾಗ ಒಣ ನೆಲದ ಮೇಲೆ ಜಗ್ಗುವುದು ಸಹಜ, ಅದು ರೋಗವಲ್ಲ. ಒಣ ನೆಲದಲ್ಲಿ ಲಾಕ್ ಬೇಡ.) ಹೋಂಡಾ ಸಿಆರ್-ವಿಯ ಹಳೆಯ ಮಾದರಿಗಳಲ್ಲಿ, ಹಿಂದಿನ ಡಿಫರೆನ್ಷಿಯಲ್ಲಿನ ಎಣ್ಣೆ ಹಳೆಯದಾದರೆ ತಿರುವಿನಲ್ಲಿ ನರಳಿದಂಥ ಸದ್ದು ಬರುವುದು ಪ್ರಸಿದ್ಧ. ಅದಕ್ಕೆಂದೇ ಕಂಪನಿ ಮಾಡಿದ ಎಣ್ಣೆ ಹಾಕಿ, ಮೈದಾನದಲ್ಲಿ ಎಂಟರ ಆಕಾರದಲ್ಲಿ ನಾಲ್ಕಾರು ಸುತ್ತು ಹೊಡೆದರೆ ಬಹಳ ಸಲ ಸದ್ದು ಹೋಗುತ್ತದೆ. ಬೇರೆ ಗೇರ್ ಆಯಿಲ್ ಹಾಕಿದರೆ ಇನ್ನಷ್ಟು ಕೆಡುತ್ತದೆ. ಮುಂದಿನ ಚಿಕ್ಕ ಪೆಟ್ಟಿಗೆಯದು ಇನ್ನೊಂದು ಕಷ್ಟ. ಅನೇಕ ಗಾಡಿಗಳಲ್ಲಿ ಅದರೊಳಗೆ ಒಂದು ಲೀಟರ್ ಎಣ್ಣೆಯೂ ಇರುವುದಿಲ್ಲ, ಪಕ್ಕದಲ್ಲೇ ಕಾದ ಸೈಲೆನ್ಸರ್ ಪೈಪು. ಸೀಲು ಸೋರಿದರೆ ಸುಟ್ಟ ಎಣ್ಣೆಯ ಗಾಢ ವಾಸನೆ ಬರುತ್ತದೆ, ಆ ವಾಸನೆಯನ್ನು ಅಲಕ್ಷಿಸಿದರೆ ಗೇರುಗಳು ಒಣಗಿ ಪುಡಿಯಾಗುತ್ತವೆ. 'ಜೀವಮಾನಕ್ಕೆ ಸಾಕು' ಎಂದು ಬರೆದ ಎಣ್ಣೆಯನ್ನು ನಾನು ನಂಬುವುದಿಲ್ಲ. ಕೆಸರು, ಏರು, ನೀರಿನಲ್ಲಿ ಓಡುವ ಗಾಡಿಗೆ 40 ಸಾವಿರ ಕಿ.ಮೀ. ಆಸುಪಾಸಿನಲ್ಲಿ ಬದಲಿಸುವುದು ಲೇಸು ಎಂಬುದು ನನ್ನ ಅಭಿಪ್ರಾಯ. ಹೊಳೆ, ಹಳ್ಳ ದಾಟಿಸಿದವರಂತೂ ಕೂಡಲೇ ಬಿಚ್ಚಿಸಿ ನೋಡಬೇಕು. ಕಾದ ಡಿಫರೆನ್ಷಿಯಲ್ ತಣ್ಣೀರಿಗೆ ಇಳಿದಾಗ ಒಳಗಿನ ಗಾಳಿ ಕುಗ್ಗಿ ಸೀಲು, ಗಾಳಿರಂಧ್ರಗಳ ಮೂಲಕ ನೀರನ್ನು ಎಳೆದುಕೊಳ್ಳುತ್ತದೆ. ನೀರು ಸೇರಿದ ಎಣ್ಣೆ ಹಾಲು ಬೆರೆಸಿದ ಕಾಫಿಯ ಬಣ್ಣಕ್ಕೆ ತಿರುಗಿರುತ್ತದೆ.

ಸದ್ದುಗಳ ಬಗ್ಗೆ ಚಿಕ್ಕದಾಗಿ. ಆಕ್ಸಿಲರೇಟರ್ ಒತ್ತಿ ಬಿಟ್ಟಾಗ ಹೊಟ್ಟೆಯಡಿ ಟಕ್ ಎಂದರೆ ಶಾಫ್ಟಿನ ಜಾಯಿಂಟ್. ವೇಗದ ಒಂದು ಹಂತದಲ್ಲಿ ಮಾತ್ರ ಸೀಟಿನಡಿ ನಡುಕ ಬಂದರೆ ಶಾಫ್ಟಿನ ನಡುವಿನ ಸೆಂಟರ್ ಬೇರಿಂಗ್. ವೇಗದೊಂದಿಗೆ ಏರುವ ಗುಂಯ್ ಎಂಬ ಸದ್ದು ರಸ್ತೆಯ ತಿರುವಿನಲ್ಲಿ ಜಾಸ್ತಿ ಕಡಿಮೆ ಆದರೆ ಚಕ್ರದ ಬೇರಿಂಗ್, ಆಗದಿದ್ದರೆ ಡಿಫರೆನ್ಷಿಯಲ್ಲಿನದು. ಸ್ಟೇರಿಂಗ್ ತಿರುಗಿಸಿ ಹೊರಟಾಗ ಮುಂದೆ ಕಟಕಟ ಎಂದರೆ ಆಕ್ಸಲ್ಲಿನ ಹೊರ ಜಾಯಿಂಟ್, ಚಕ್ರದ ಒಳಮೈಗೆ ಗ್ರೀಸ್ ಸಿಡಿದಿದ್ದರೆ ಅದರ ರಬ್ಬರ್ ಬೂಟು ಹರಿದಿದೆ.

ಇನ್ನೊಂದು ತಪ್ಪು ತಿಳಿವಳಿಕೆ ಬಹಳ ಕಡೆ ಇದೆ. ಗುಂಡಿಯಲ್ಲಿ ಗಾಡಿ ಓರೆಯಾಗಿ ಒಂದು ಹಿಂದಿನ ಚಕ್ರ ಗಾಳಿಯಲ್ಲಿ ತಿರುಗುತ್ತಿದ್ದರೆ 'ಫೋರ್ ವೀಲ್ ಕೆಲಸ ಮಾಡ್ತಿಲ್ಲ' ಎನ್ನುತ್ತಾರೆ. ಹಿಂದಿನ ಚಕ್ರ ಎಂಜಿನ್ ಬಲದಿಂದ ತಿರುಗುತ್ತಿದೆ ಎಂದರೆ ಕಪ್ಲಿಂಗ್ ಕೆಲಸ ಮಾಡುತ್ತಿದೆ ಎಂದೇ ಅರ್ಥ. ಡಿಫರೆನ್ಷಿಯಲ್ ತನ್ನ ಗುಣದಂತೆ ಹಗುರಾದ ಚಕ್ರವನ್ನು ತಿರುಗಿಸುತ್ತಿದೆ, ಅಷ್ಟೆ. ಆ ಚಕ್ರಕ್ಕೆ ಬ್ರೇಕ್ ಹಿಡಿದು ಎಳೆತವನ್ನು ಇನ್ನೊಂದು ಬದಿಗೆ ಕಳಿಸುವ ಕೆಲಸ ಎಬಿಎಸ್ ವ್ಯವಸ್ಥೆಯದು. ಆಕ್ಸಿಲರೇಟರ್ ಬಿಡದೆ ಒಂದೇ ಸಮ ಹಿಡಿದರೆ ಅದು ಒಂದೆರಡು ಕ್ಷಣದಲ್ಲಿ ಶುರುವಾಗುತ್ತದೆ.

ಹಾಗಾದರೆ ಕಪ್ಲಿಂಗ್ ಸರಿಯಿದೆಯೇ ಎಂದು ತಿಳಿಯುವುದು ಹೇಗೆ? ಒದ್ದೆ ಹುಲ್ಲು ಅಥವಾ ಸಡಿಲ ಜಲ್ಲಿಯ ಖಾಲಿ ಜಾಗ ಸಾಕು. ಪಕ್ಕದಲ್ಲಿ, ಹತ್ತು ಅಡಿ ದೂರ, ಒಬ್ಬರು ನಿಂತು ನೋಡಲಿ. ಹಿಂದೆಯೋ ಮುಂದೆಯೋ ನಿಲ್ಲುವುದು ಬೇಡ. ಆಟೊದಲ್ಲಿಟ್ಟು ನಿಂತಲ್ಲಿಂದ ಸ್ವಲ್ಪ ಜೋರಾಗಿ ಹೊರಡಿ. ಹಿಂದಿನ ಚಕ್ರವೂ ಜಲ್ಲಿ ಒದ್ದರೆ ಸರಿಯಿದೆ. ಮುಂದಿನದು ಮಾತ್ರ ಒದ್ದು ಹಿಂದಿನದು ಸುಮ್ಮನೆ ಉರುಳಿದರೆ ಹುಡುಕಾಟ ಶುರು ಮಾಡಿ. ಆದರೆ ಜಾಕ್ ಕೊಟ್ಟು ಎರಡು ಚಕ್ರ ಮಾತ್ರ ಎತ್ತಿ ಗೇರ್ ಹಾಕಿ ನೋಡುವ ಕೆಲಸವನ್ನು ಯಾರೂ, ಯಾವ ಕಾರಣಕ್ಕೂ ಮಾಡಬೇಡಿ. ನೆಲದಲ್ಲಿರುವ ಎರಡು ಚಕ್ರಕ್ಕೆ ಎಳೆತ ಬಂದು ಗಾಡಿ ಜಾಕಿನಿಂದ ಹಾರುತ್ತದೆ. ಕೆಟ್ಟು ನಿಂತಾಗ ಎರಡು ಚಕ್ರ ಎತ್ತಿ ಎಳೆದೊಯ್ಯಲೂ ಬಿಡಬೇಡಿ, ನಾಲ್ಕೂ ಚಕ್ರ ಮೇಲಿರುವ ಫ್ಲ್ಯಾಟ್‌ಬೆಡ್ ಗಾಡಿಯೇ ಬರಲಿ.

ಮೃಗಶಿರ ಮಳೆಗೆ ಇನ್ನೂ ಎರಡು ಮೂರು ವಾರವಿದೆ. ಈ ಭಾನುವಾರ ಟಯರಿನ ಸುತ್ತು ಅಳೆಯಿರಿ, ಹಿಂದಿನ ಸಾಕೆಟ್ ಒಮ್ಮೆ ಬಿಚ್ಚಿಸಿ ನೋಡಿಸಿ, ಜಲ್ಲಿಯ ಮೇಲೆ ಒಂದು ಸಲ ಹೊರಟು ನೋಡಿ. ಅಷ್ಟಾದ ಮೇಲೂ ದೀಪ ಹೊತ್ತಿದರೆ ನನಗೆ ಬರೆಯಿರಿ. ಬರೆಯುವಾಗ ದಿನಾಂಕ, ಎಷ್ಟು ಹೊತ್ತು ಓಡಿಸಿದ್ದಿರಿ, ಗಾಡಿ ತಿರುಗುತ್ತಿತ್ತೇ ನೇರ ಹೋಗುತ್ತಿತ್ತೇ, ಅವತ್ತು ಮಳೆ ಇತ್ತೇ ಎಂಬುದನ್ನು ಮರೆಯದೆ ಸೇರಿಸಿ.